ಶೇ. 44.67 ಅನ್ನು 45 ಎನ್ನಬಹುದೇ?

ಕಾನೂನು ಪ್ರಶ್ನೋತ್ತರ: ಪ್ರವೇಶದ ಕನಿಷ್ಠ ಅಂಕ

ಪ್ರಶ್ನೆ: ದ್ವಿತೀಯ ಪಿಯುಸಿಯಲ್ಲಿ ಭೌತಶಾಸ್ತ್ರ, ರಸಾಯನಶಾಸ್ತ್ರ, ಗಣಿತ ಸೇರಿ ಮಗನಿಗೆ 300ಕ್ಕೆ 134 ಅಂಕ. ಎಂಜಿನಿಯರಿಂಗ್‌ಗೆ ಶೇ. 45 ಬೇಕು, ಅಂದರೆ ಒಂದೇ ಅಂಕ ಕಡಿಮೆ. 44.67 ಅನ್ನು 45 ಎಂದು ಪರಿಗಣಿಸುವಂತೆ ಹೈಕೋರ್ಟ್‌ನಲ್ಲಿ ಕೇಳಬಹುದೇ?

ಉತ್ತರ: ಕೇಳಬಹುದು, ಸಿಗುವುದು ಕಷ್ಟ. ಎಂ.ಎಸ್ಸಿ. ನರ್ಸಿಂಗ್‌ಗೆ ಶೇ. 55 ಬೇಕಿದ್ದಾಗ 54.71 ಪಡೆದವರ ಪ್ರಕರಣ ನಮ್ಮ ರಾಜೀವ್ ಗಾಂಧಿ ಆರೋಗ್ಯ ವಿಜ್ಞಾನಗಳ ವಿಶ್ವವಿದ್ಯಾಲಯದಿಂದಲೇ ಸುಪ್ರೀಂ ಕೋರ್ಟ್‌ವರೆಗೆ ಹೋಗಿತ್ತು. ನಿಯಮದಲ್ಲೇ ಅವಕಾಶವಿಲ್ಲದಿದ್ದರೆ ದಶಮಾಂಶವನ್ನು ಮೇಲಕ್ಕೆ ಏರಿಸುವಂತಿಲ್ಲ ಎಂದು 2012ರಲ್ಲಿ ತೀರ್ಪಾಯಿತು.

ವಕೀಲರ ಬಳಿ ಹೋಗುವ ಮುನ್ನ ಲೆಕ್ಕವನ್ನು ಇನ್ನೊಮ್ಮೆ ಮಾಡಿ. ಅರ್ಹತೆಗೆ ಕಡ್ಡಾಯವಾದವು ಭೌತಶಾಸ್ತ್ರ ಮತ್ತು ಗಣಿತ ಮಾತ್ರ. ಮೂರನೆಯದು ರಸಾಯನಶಾಸ್ತ್ರವೇ ಆಗಬೇಕಿಲ್ಲ. ಕಂಪ್ಯೂಟರ್ ವಿಜ್ಞಾನ, ಜೀವಶಾಸ್ತ್ರ, ಎಲೆಕ್ಟ್ರಾನಿಕ್ಸ್ ಕೂಡ ನಡೆಯುತ್ತದೆ. ಅಲ್ಲಿ ಅಂಕ ಹೆಚ್ಚಿದ್ದರೆ ಗಡಿ ದಾಟಬಹುದು. ಪರಿಶಿಷ್ಟ ಜಾತಿ, ಪಂಗಡ, ಪ್ರವರ್ಗ–1, 2ಎ, 2ಬಿ, 3ಎ, 3ಬಿ ಇವುಗಳಿಗೆ ಶೇ. 40, ಅಂದರೆ 120 ಅಂಕ ಸಾಕು. ಇದ್ಯಾವುದೂ ಅನ್ವಯಿಸದಿದ್ದರೆ ಉತ್ತರಪತ್ರಿಕೆಯ ನಕಲು ತರಿಸಿ ಮರುಮೌಲ್ಯಮಾಪನಕ್ಕೆ ಹಾಕಿ. ಹೈಕೋರ್ಟ್‌ಗೆ ಹಾಕುವ ರಿಟ್ ಅರ್ಜಿಗಿಂತ ಇದು ಅಗ್ಗ, ಬೇಗ ಕೂಡ.

ಪ್ರಶ್ನೆ: ಕಾಲೇಜುಗಳಲ್ಲಿ ಸೀಟು ಖಾಲಿ ಉಳಿದಿವೆ. ಎಐಸಿಟಿಇ (ಅಖಿಲ ಭಾರತ ತಾಂತ್ರಿಕ ಶಿಕ್ಷಣ ಮಂಡಳಿ) ಹೇಳಿದ್ದಕ್ಕಿಂತ ವಿಶ್ವವಿದ್ಯಾಲಯ ಹೆಚ್ಚು ಅಂಕ ಕೇಳುವುದು ಸರಿಯೇ?

ಉತ್ತರ: ಸರಿ. ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯದ 2011ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿದದ್ದು ಇದನ್ನೇ. ಕೇಂದ್ರ ಮಂಡಳಿ ಹಾಕಿದ್ದು ನೆಲ. ರಾಜ್ಯವಾಗಲೀ ವಿಶ್ವವಿದ್ಯಾಲಯವಾಗಲೀ ಅದರ ಮೇಲೆ ಕಟ್ಟಬಹುದು, ಕೆಳಗೆ ಅಗೆಯುವಂತಿಲ್ಲ. ಸೀಟು ಖಾಲಿ ಉಳಿದದ್ದು ಮಟ್ಟ ಇಳಿಸಲು ಕಾರಣವಲ್ಲ ಎಂಬ ಮಾತೂ ಅದೇ ತೀರ್ಪಿನಲ್ಲಿದೆ.

ಹಾಗಾದರೆ 2021ರ ಫೆಬ್ರುವರಿಯಲ್ಲಿ ಬಿಡಿಎಸ್‌ಗೆ (ದಂತವೈದ್ಯ ಪದವಿ) ನೀಟ್ ಪ್ರವೇಶ ಪರೀಕ್ಷೆಯ ಅರ್ಹತೆಯನ್ನು 10 ಪರ್ಸೆಂಟೈಲ್ (ಶೇಕಡಾ ಎಷ್ಟು ಅಭ್ಯರ್ಥಿಗಳಿಗಿಂತ ಮುಂದೆ ಎಂಬ ಅಳತೆ) ಇಳಿಸಲು ಅದೇ ಕೋರ್ಟ್ ಹೇಳಿದ್ದೇಕೆ? ಅಲ್ಲಿ ಇಳಿಸುವ ಅಧಿಕಾರವನ್ನು ನಿಯಮವೇ ಕೇಂದ್ರಕ್ಕೆ ಕೊಟ್ಟಿತ್ತು, ದಂತ ವೈದ್ಯ ಮಂಡಳಿಯೂ ಶಿಫಾರಸು ಮಾಡಿತ್ತು. ನಿಮ್ಮ ಕೋರ್ಸಿನ ನಿಯಮದಲ್ಲಿ ಅಂಥ ಸಾಲು ಇದೆಯೇ ಎಂಬುದನ್ನು ಮೊದಲು ಹುಡುಕಿ.

ಪ್ರಶ್ನೆ: ಕೇಂದ್ರೀಯ ವಿಶ್ವವಿದ್ಯಾಲಯದಲ್ಲಿ ಒಬಿಸಿ ವಿದ್ಯಾರ್ಥಿಗೆ ಸಾಮಾನ್ಯ ವರ್ಗದ ಕೊನೆಯ ಅಭ್ಯರ್ಥಿಗಿಂತ ಹೆಚ್ಚೆಂದರೆ ಶೇ. 10ರಷ್ಟು ಅಂಕ ಕಡಿಮೆ ಇದ್ದರೆ ಮಾತ್ರ ಸೀಟು ಎನ್ನುತ್ತಾರೆ. ನಿಜವೇ?

ಉತ್ತರ: ಅಲ್ಲ. ಸುಪ್ರೀಂ ಕೋರ್ಟ್‌ನ ಪಿ.ವಿ. ಇಂದಿರೇಶನ್ ಪ್ರಕರಣದಲ್ಲಿ (2011) ಈ ಗೊಂದಲ ಬಗೆಹರಿದಿದೆ. ರಿಯಾಯಿತಿ ಲೆಕ್ಕ ಹಾಕಬೇಕಾದದ್ದು ಕನಿಷ್ಠ ಅರ್ಹತಾ ಅಂಕದಿಂದ, ಕಟ್‌ಆಫ್‌ನಿಂದಲ್ಲ (ಸೀಟು ಸಿಕ್ಕ ಕೊನೆಯವರ ಅಂಕದಿಂದಲ್ಲ). ಅರ್ಹತೆ ಶೇ. 50 ಇದ್ದರೆ ಅದರ ಹತ್ತರಲ್ಲೊಂದು ಪಾಲಾದ 5 ಕಳೆದು ಒಬಿಸಿಗೆ 45 ಎಂದು ನಿಗದಿ ಮಾಡಬಹುದು. ಕೊನೆಯ ಸಾಮಾನ್ಯ ಅಭ್ಯರ್ಥಿಗೆ 80 ಬಂದಿದೆಯೋ 70 ಬಂದಿದೆಯೋ ಎಂಬುದು ಇಲ್ಲಿ ಲೆಕ್ಕಕ್ಕಿಲ್ಲ.

ಪ್ರಶ್ನೆ: ಕಾಲೇಜು ಶುಲ್ಕ ಕಟ್ಟಿಸಿಕೊಂಡು ಸೇರಿಸಿಕೊಂಡಿತು. ಈಗ ಕನಿಷ್ಠ ಅಂಕ ಇಲ್ಲವೆಂದು ವಿಶ್ವವಿದ್ಯಾಲಯ ಪರೀಕ್ಷೆಗೆ ಕೂರಲು ಬಿಡುತ್ತಿಲ್ಲ. ಏನು ಮಾಡಲಿ?

ಉತ್ತರ: ಮೊದಲು ನಿರಾಕರಣೆ ಕಾಗದದ ಮೇಲೆ ಬರಲಿ. ಕಾಲೇಜಿನ ಗುಮಾಸ್ತರ ಬಾಯಿಮಾತನ್ನು ಕೋರ್ಟ್ ರದ್ದು ಮಾಡಲಾಗದು. ಕುಲಸಚಿವರಿಗೆ ಮನವಿ ಕೊಟ್ಟು ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ; ಯಾವ ನಿಯಮದಡಿ, ಯಾವ ಲೆಕ್ಕದಲ್ಲಿ ಅನರ್ಹ ಎಂಬುದನ್ನು ತಿಳಿಸುವ ಹಿಂಬರಹ (ಲಿಖಿತ ಉತ್ತರ) ಕೇಳಿ. ಬಹುತೇಕ ಜಗಳ ಗೆಲ್ಲುವುದೋ ಸೋಲುವುದೋ ಈ ಲೆಕ್ಕದಲ್ಲೇ: ಭಾಷಾ ವಿಷಯಗಳ ಅಂಕ ಸೇರಿಸಿದರೋ ಬಿಟ್ಟರೋ, ಪ್ರಾಯೋಗಿಕ ಅಂಕ ಹಿಡಿದರೋ, ಸಿಜಿಪಿಎಯನ್ನು (ಒಟ್ಟು ಸರಾಸರಿ ಗ್ರೇಡ್ ಅಂಕ) ಪದವಿ ಕೊಟ್ಟ ವಿಶ್ವವಿದ್ಯಾಲಯದ ಸೂತ್ರದಂತೆ ಶೇಕಡಾಕ್ಕೆ ಇಳಿಸಿದರೋ ಅಥವಾ ಸುಮ್ಮನೆ ಹತ್ತರಿಂದ ಗುಣಿಸಿದರೋ. ಇಲ್ಲಿ ತಪ್ಪು ಸಿಕ್ಕರೆ ನಿಮ್ಮ ಅರ್ಜಿಗೆ ಕಾಲು ಬಂದಂತೆ.

ಹಿಂಬರಹ ಕೈಗೆ ಬಂದ ವಾರದೊಳಗೆ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್‌ನಲ್ಲಿ ರಿಟ್ ಹಾಕಿ: ಬೆಂಗಳೂರು, ಧಾರವಾಡ ಅಥವಾ ಕಲಬುರಗಿ, ನಿಮ್ಮ ಜಿಲ್ಲೆ ಸೇರುವ ಪೀಠದಲ್ಲಿ. ವಿಶ್ವವಿದ್ಯಾಲಯ, ಕಾಲೇಜು, ಸರ್ಕಾರ, ಸಂಬಂಧಪಟ್ಟ ಮಂಡಳಿ ಎಲ್ಲರೂ ಪ್ರತಿವಾದಿಗಳಾಗಲಿ. ಪರೀಕ್ಷೆ ಬರೆಯಲು ಮಧ್ಯಂತರ ಆದೇಶ ಬೇಕೆಂದು ಪ್ರತ್ಯೇಕವಾಗಿ ಕೇಳಿ. ಸಿಕ್ಕರೂ ಅದು ‘ಅಂತಿಮ ತೀರ್ಪಿಗೆ ಒಳಪಟ್ಟು’ ಇರುತ್ತದೆ. ಎರಡು ವರ್ಷ ಓದಿದ ಮೇಲೂ ಕೈತಪ್ಪಬಹುದು.

ಕರ್ನಾಟಕ ವಿಶ್ವವಿದ್ಯಾಲಯದ ಪ್ರಕರಣದಲ್ಲಿ (1986) ಸೇರಿದ್ದ ವಿದ್ಯಾರ್ಥಿಗಳು ಅರ್ಹರಲ್ಲ ಎಂದು ಒಪ್ಪಿಕೊಂಡೂ, ತಪ್ಪು ಹೆಚ್ಚಾಗಿ ಕಾಲೇಜುಗಳದ್ದೆಂದು ಸುಪ್ರೀಂ ಕೋರ್ಟ್ ಓದು ಮುಂದುವರಿಸಲು ಬಿಟ್ಟಿತು. ವಕೀಲರು ಇದನ್ನು ಖಂಡಿತ ಉಲ್ಲೇಖಿಸುತ್ತಾರೆ. ಆದರೆ ಅದೇ ವರ್ಷ ಆಂಧ್ರದ ವೈದ್ಯಕೀಯ ಕಾಲೇಜೊಂದರ ಪ್ರಕರಣದಲ್ಲಿ, ತನ್ನದೇ ಕಾಯ್ದೆ ಮುರಿಯುವಂತೆ ವಿಶ್ವವಿದ್ಯಾಲಯಕ್ಕೆ ಹೇಳಲಾಗದು ಎಂದೂ ಅದೇ ಕೋರ್ಟ್ ಹೇಳಿತು. ಕರುಣೆಯ ವಾದವನ್ನು ಕೊನೆಗಿಡಿ, ಲೆಕ್ಕದ ವಾದವನ್ನು ಮೊದಲಿಗಿಡಿ. ಅರ್ಜಿಯಲ್ಲಿ ನೀವು ಅಂಕ ಮರೆಮಾಚಿಲ್ಲ ಎಂದು ತೋರಿಸಲು ಮೂಲ ಪ್ರವೇಶ ಅರ್ಜಿಯ ಪ್ರತಿ, ಶುಲ್ಕ ರಸೀದಿ ಲಗತ್ತಿಸುವುದು ಮರೆಯಬೇಡಿ.