ಕೈಬಿಟ್ಟವರ ಹೆಸರು ಎಲ್ಲಿ?

ದಾವಣಗೆರೆ ವಿದ್ಯಾನಗರದಿಂದ ಬರೆದ ಗೆಳೆಯರಿಗೆ,

ನಮಸ್ಕಾರ. ನೀವು ಕಳಿಸಿದ ‘ಅಂಗಳದ ಅರಸ, ಆಫೀಸಿನ ಚಾಣಕ್ಯ’ ಲೇಖನ ಓದಿದೆ. ಅಮೆರಿಕದ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ ಡೆಟ್ರಾಯ್ಟ್ ಪಿಸ್ಟನ್ಸ್ ತಂಡದಲ್ಲಿ ಆಡಿ, ಆಮೇಲೆ ಅದೇ ತಂಡವನ್ನು ಕಟ್ಟುವ ಹೊಣೆ ಹೊತ್ತ ಜೋ ಡುಮಾರ್ಸ್ ಬಗ್ಗೆ ಬರೆದಿದ್ದೀರಿ. ಮೊದಲೇ ಹೇಳಿಬಿಡುತ್ತೇನೆ: ಈಗಿರುವ ರೂಪದಲ್ಲಿ ಇದನ್ನು ನಮ್ಮ ಪತ್ರಿಕೆಯಲ್ಲಿ ಹಾಕಲು ಆಗುವುದಿಲ್ಲ. ಆದರೆ ವಿಷಯ ತುಂಬಾ ಒಳ್ಳೆಯದು. ಅದನ್ನು ಬರೆಯುವ ಕಣ್ಣೂ ನಿಮಗಿದೆ. ಅದಕ್ಕೇ ‘ಪ್ರಕಟಣೆಗೆ ಆಯ್ಕೆಯಾಗಿಲ್ಲ’ ಅಂತ ಒಂದು ಸಾಲು ಬರೆದು ಸುಮ್ಮನಾಗಲು ಮನಸ್ಸು ಬರಲಿಲ್ಲ.

ಮೊದಲು ತಪ್ಪುಗಳನ್ನು ಮುಗಿಸೋಣ. ‘ಸೋಲೆಂದರೆ ಏನೆಂದೇ ಅರಿಯದ ವೀರ’ ಅಂತ ಶುರು ಮಾಡಿದ್ದೀರಿ. 1988ರ ಫೈನಲ್‌ನಲ್ಲಿ ಅವರ ತಂಡ ಲಾಸ್ ಏಂಜಲೀಸ್‌ನ ಲೇಕರ್ಸ್ ತಂಡದ ವಿರುದ್ಧ ಏಳನೇ ಪಂದ್ಯದವರೆಗೂ ಹೋಗಿ ಸೋತಿತ್ತು. ಮರುವರ್ಷ ಅದೇ ಲೇಕರ್ಸನ್ನು ನಾಲ್ಕಕ್ಕೆ ನಾಲ್ಕೂ ಪಂದ್ಯ ಗೆದ್ದು ಮಣಿಸಿತು. ಆ ಸೋಲನ್ನು ತೆಗೆದುಹಾಕಿದರೆ ಈ ಗೆಲುವಿಗೆ ತೂಕವೇ ಇರುವುದಿಲ್ಲ. 1989ರಲ್ಲಿ ಅವರು ‘ಎನ್‌ಬಿಎಯ ಅತ್ಯಮೂಲ್ಯ ಆಟಗಾರ’ ಆದರು ಅಂತಲೂ ಬರೆದಿದ್ದೀರಿ. ಅವರಿಗೆ ಸಿಕ್ಕಿದ್ದು ಫೈನಲ್ ಸರಣಿಯ ಅತ್ಯಮೂಲ್ಯ ಆಟಗಾರ ಪ್ರಶಸ್ತಿ. ಇಡೀ ಋತುವಿನ ಪ್ರಶಸ್ತಿ ಆ ವರ್ಷ ಮ್ಯಾಜಿಕ್ ಜಾನ್ಸನ್ ಅವರದು. ಇದೆಲ್ಲ ಸಣ್ಣದು ಅನ್ನಬೇಡಿ. ನಮ್ಮ ಎಪಿಎಂಸಿಯಲ್ಲಿ ವ್ಯಾಪಾರಿ ಮೆಕ್ಕೆಜೋಳದ ರಾಶಿಯಿಂದ ಒಂದು ಹಿಡಿ ತೆಗೆದು ತೇವ ನೋಡುತ್ತಾರಲ್ಲ, ಓದುಗರೂ ಹಾಗೇ. ಆ ಒಂದು ಹಿಡಿ ಸರಿ ಇಲ್ಲದಿದ್ದರೆ ಇಡೀ ರಾಶಿಯ ದರ ಬಿದ್ದುಹೋಗುತ್ತದೆ.

1990ರ ಜೂನ್ 10ರ ಪಂದ್ಯಕ್ಕೆ ಮುಕ್ಕಾಲು ಪುಟ ಕೊಟ್ಟಿದ್ದೀರಿ. ಅಲ್ಲಿ ‘ಕಣ್ಣೀರ ಕಡಲು’ ಇದೆ, ‘ವಿಧಿಯ ಕ್ರೂರ ಆಟ’ ಇದೆ. ಅದು ಯಾವುದೂ ಬೇಡ. ಪೋರ್ಟ್‌ಲ್ಯಾಂಡ್‌ನಲ್ಲಿ ಫೈನಲ್‌ನ ಮೂರನೇ ಪಂದ್ಯ. ಅವತ್ತೇ ಅವರ ತಂದೆ ತೀರಿಕೊಂಡರು. ಆಟ ಮುಗಿಯುವವರೆಗೂ ಮಗನಿಗೆ ಆ ವಿಷಯ ಗೊತ್ತಿರಲಿಲ್ಲ. ಅವರು 33 ಅಂಕ ಹೊಡೆದರು, ತಂಡ ಗೆದ್ದಿತು. ಇಷ್ಟು ಹೇಳಿ ನಿಲ್ಲಿಸಿ. ಉಳಿದದ್ದನ್ನು ಓದುವವರು ತಾವೇ ತುಂಬಿಕೊಳ್ಳುತ್ತಾರೆ.

ಈಗ ನನ್ನ ದೊಡ್ಡ ತಕರಾರಿಗೆ ಬರುತ್ತೇನೆ. ಡುಮಾರ್ಸ್ ಆಡಿದ ದಿನಗಳಿಗೆ ಐದು ಪುಟ, ಅವರು ತಂಡ ಕಟ್ಟಿದ ದಿನಗಳಿಗೆ ಒಂದೇ ಪುಟ. ಆ ಒಂದು ಪುಟದಲ್ಲೂ ‘ತಮ್ಮ ಚಾಣಾಕ್ಷತನದಿಂದ 2004ರಲ್ಲಿ ತಂಡವನ್ನು ಚಾಂಪಿಯನ್ ಮಾಡಿದರು’ ಅಂತ ಒಂದೇ ಏಟಿಗೆ ಮುಗಿಸಿದ್ದೀರಿ. ಚಾಣಾಕ್ಷತನ ಅಂದರೆ ಏನು ಮಾಡಿದರು? ಯಾರನ್ನು ಕರೆತಂದರು, ಯಾರನ್ನು ಕಳಿಸಿದರು? ಒಬ್ಬರ ಹೆಸರೂ ಇಲ್ಲ.

ಒಂದೊಂದಾಗಿ ನೋಡಿ. 2000ದಲ್ಲಿ ಡುಮಾರ್ಸ್ ಬ್ಯಾಸ್ಕೆಟ್‌ಬಾಲ್ ವಿಭಾಗದ ಅಧ್ಯಕ್ಷರಾದಾಗ ತಂಡದ ದೊಡ್ಡ ತಾರೆ ಗ್ರಾಂಟ್ ಹಿಲ್. ಒಂದು ವರ್ಷದ ಹಿಂದಿನವರೆಗೂ ಇವರ ಜೊತೆ ಒಂದೇ ಅಂಗಳದಲ್ಲಿ ಆಡಿದವರು. ಅವರು ಒರ್ಲ್ಯಾಂಡೊ ತಂಡಕ್ಕೆ ಹೊರಟು ನಿಂತಿದ್ದರು. ಸುಮ್ನೆ ಬಿಟ್ಟುಕೊಟ್ಟಿದ್ದರೆ ಪಿಸ್ಟನ್ಸ್‌ಗೆ ಏನೂ ಸಿಗುತ್ತಿರಲಿಲ್ಲ. ಅದರ ಬದಲು ಡುಮಾರ್ಸ್ ಅದನ್ನು ವಿನಿಮಯವಾಗಿ ಮಾಡಿಕೊಂಡರು. ಹಿಲ್ ಅವರನ್ನು ಕೊಟ್ಟು ಚಕ್ಕಿ ಆಟ್ಕಿನ್ಸ್ ಮತ್ತು ಬೆನ್ ವ್ಯಾಲೇಸ್ ಇಬ್ಬರನ್ನು ತಂದರು. ಈ ವ್ಯಾಲೇಸ್ 1996ರ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಸರದಿಯ ಪ್ರಕಾರ ಹೊಸಬರನ್ನು ಆರಿಸುವಾಗ, ಯಾವ ತಂಡಕ್ಕೂ ಬೇಡವಾಗಿದ್ದ ಹುಡುಗ. ಅಂಕ ಹೊಡೆಯುವುದು ಕಡಿಮೆ, ಚೆಂಡು ಹಿಡಿಯುವುದು ಮತ್ತು ಎದುರಾಳಿಯನ್ನು ತಡೆಯುವುದೇ ಅವರ ಕೆಲಸ. ಮುಂದೆ ನಾಲ್ಕು ಸಲ ಲೀಗ್‌ನ ಅತ್ಯುತ್ತಮ ರಕ್ಷಣಾ ಆಟಗಾರ ಪ್ರಶಸ್ತಿ ಪಡೆದರು.

ಇಲ್ಲೇ ‘ಎಂಥ ದೂರದೃಷ್ಟಿ!’ ಅಂತ ಬರೆಯುವ ಆಸೆ ಆಗುತ್ತದೆ. ಸ್ವಲ್ಪ ತಡೆಯಿರಿ. ಹಿಲ್ ಅವರ ಪಾದದ ಕೀಲಿಗೆ ಆಗಲೇ ಪೆಟ್ಟಾಗಿತ್ತು. ಒರ್ಲ್ಯಾಂಡೊದಲ್ಲಿ ಮೊದಲ ನಾಲ್ಕು ಋತು ಸೇರಿ ಅವರು ಆಡಿದ್ದು 47 ಪಂದ್ಯ. ಅದು ಅಷ್ಟು ಎಳೆದುಕೊಂಡು ಹೋಗುತ್ತದೆ ಅಂತ ಡುಮಾರ್ಸ್‌ಗೆ ಗೊತ್ತಿರಲು ಸಾಧ್ಯವಿಲ್ಲ. ಬುದ್ಧಿಯಿಂದ ಆಗಿದ್ದು ಎಷ್ಟು, ಅದೃಷ್ಟದಿಂದ ಆಗಿದ್ದು ಎಷ್ಟು ಅಂತ ಬಿಡಿಸಿ ಹೇಳಿ. ಆಗ ಬುದ್ಧಿಗೆ ಸಲ್ಲಬೇಕಾದ ಗೌರವ ಸರಿಯಾಗಿ ಸಲ್ಲುತ್ತದೆ.

ಮೊದಲ ಋತುವಿನಲ್ಲಿ ತಂಡ 32 ಗೆದ್ದು 50 ಸೋತಿತು. ಮರುವರ್ಷ ಅದೇ ಲೆಕ್ಕ ತಿರುಗಿ 50 ಗೆಲುವು, 32 ಸೋಲು. 2002ರಲ್ಲಿ ತಂಡದಿಂದ ತಂಡಕ್ಕೆ ಅಲೆಯುತ್ತಿದ್ದ ಚಾನ್ಸಿ ಬಿಲಪ್ಸ್ ಬಂದರು. ಜೆರ್ರಿ ಸ್ಟ್ಯಾಕ್‌ಹೌಸ್ ಅವರನ್ನು ಕೊಟ್ಟು ರಿಚರ್ಡ್ ಹ್ಯಾಮಿಲ್ಟನ್ ಅವರನ್ನು ತಂದರು. ಡ್ರಾಫ್ಟ್‌ನ 23ನೇ ಸರದಿಯಲ್ಲಿ ಟೇಶಾನ್ ಪ್ರಿನ್ಸ್ ಸಿಕ್ಕರು. 2004ರ ಫೆಬ್ರವರಿಯಲ್ಲಿ ರಶೀದ್ ವ್ಯಾಲೇಸ್. ಇವರೆಲ್ಲ ಸೇರಿ ಆ ವರ್ಷದ ಫೈನಲ್‌ನಲ್ಲಿ ಶಕೀಲ್ ಓನೀಲ್, ಕೋಬಿ ಬ್ರಯಂಟ್ ಇದ್ದ ಲೇಕರ್ಸನ್ನು 4–1ರಿಂದ ಸೋಲಿಸಿದರು. ಬೇರೆಯವರು ಕೈಬಿಟ್ಟ ಆಟಗಾರರನ್ನೇ ಜಾಸ್ತಿ ಆರಿಸಿಕೊಂಡು ಕಟ್ಟಿದ ತಂಡ ಅದು. ನಿಮ್ಮ ಲೇಖನದ ನಡುಮನೆ ಇದೇ ಆಗಬೇಕಿತ್ತು, ಅಲ್ವಾ?

ಇನ್ನು ನೀವು ಬೇಕಂತಲೇ ಬಿಟ್ಟಿದ್ದೀರಿ ಅನ್ನಿಸಿದ ಭಾಗ. 2003ರ ಡ್ರಾಫ್ಟ್. ಎರಡನೇ ಆಯ್ಕೆ ಪಿಸ್ಟನ್ಸ್ ಕೈಯಲ್ಲಿತ್ತು. ಡುಮಾರ್ಸ್ ಆರಿಸಿದ್ದು ಸರ್ಬಿಯಾದ ಹದಿನೆಂಟರ ಹುಡುಗ ಡಾರ್ಕೊ ಮಿಲಿಚಿಚ್‌ನನ್ನು. ಮೂರು, ನಾಲ್ಕು, ಐದನೆಯವರಾಗಿ ಬೇರೆ ತಂಡಗಳಿಗೆ ಹೋದವರು ಕಾರ್ಮೆಲೊ ಆಂಥೊನಿ, ಕ್ರಿಸ್ ಬಾಷ್, ಡ್ವೇನ್ ವೇಡ್. ಡಾರ್ಕೊ ಹೆಚ್ಚು ಹೊತ್ತು ಬೆಂಚಿನ ಮೇಲೇ ಕೂತಿದ್ದು 2006ರಲ್ಲಿ ಒರ್ಲ್ಯಾಂಡೊಗೆ ಹೋದರು. ಅದೇ ವರ್ಷ ಪಿಸ್ಟನ್ಸ್ ತಂಡವನ್ನು ಫೈನಲ್‌ನ ಬಾಗಿಲಲ್ಲೇ ತಡೆದು ಪ್ರಶಸ್ತಿ ಗೆದ್ದದ್ದು ವೇಡ್ ಇದ್ದ ಮಯಾಮಿ. ಇದನ್ನು ಬರೆದರೆ ನಿಮ್ಮ ನಾಯಕನಿಗೆ ಅವಮಾನ ಆಗುತ್ತದೆ ಅಂದುಕೊಂಡಿರಾ? ಆಗುವುದಿಲ್ಲ. ತಪ್ಪೇ ಮಾಡದ ಮನುಷ್ಯನ ಕಥೆಯನ್ನು ಓದುಗರು ಅರ್ಧಕ್ಕೇ ಮಡಚಿಡುತ್ತಾರೆ.

ನನಗೆ ಎಲ್ಲಕ್ಕಿಂತ ಮುಖ್ಯ ಅನ್ನಿಸಿದ್ದು ಇದು. ಡುಮಾರ್ಸ್ ಆಟಗಾರನಾಗಿ 14 ಋತು ಒಂದೇ ತಂಡದಲ್ಲಿದ್ದರು. 1985ರ ಡ್ರಾಫ್ಟ್‌ನಲ್ಲಿ 18ನೆಯವರಾಗಿ ಬಂದು, 1999ರಲ್ಲಿ ಅಲ್ಲೇ ನಿವೃತ್ತಿ ಆದರು. ಯಾರೂ ಅವರನ್ನು ಬೇರೆ ಊರಿಗೆ ಕಳಿಸಲಿಲ್ಲ. ಅಂಥವರು ಕುರ್ಚಿಯಲ್ಲಿ ಕೂತ ಮೇಲೆ ಬೇರೆಯವರನ್ನು ಕಳಿಸುವುದೇ ಕೆಲಸವಾಯಿತು. ಎರಡು ಋತುವಿನಲ್ಲೂ 50 ಪಂದ್ಯ ಗೆದ್ದುಕೊಟ್ಟ ಕೋಚ್ ರಿಕ್ ಕಾರ್ಲೈಲ್ ಅವರನ್ನು 2003ರಲ್ಲಿ ತೆಗೆದು ಲ್ಯಾರಿ ಬ್ರೌನ್ ಅವರನ್ನು ತಂದರು. 2008ರ ನವೆಂಬರ್‌ನಲ್ಲಿ ಬಿಲಪ್ಸ್ ಅವರನ್ನು ಡೆನ್ವರ್‌ಗೆ ಕೊಟ್ಟು ಆ್ಯಲನ್ ಐವರ್ಸನ್ ಅವರನ್ನು ತಂದರು. ಬಿಲಪ್ಸ್ ಯಾರು? ಇವರ ಹಾಗೆಯೇ ಗಾರ್ಡ್ (ಚೆಂಡು ಮುನ್ನಡೆಸಿ ಆಟ ಕಟ್ಟುವವರು), ಇವರ ಹಾಗೆಯೇ ಫೈನಲ್‌ನ ಅತ್ಯಮೂಲ್ಯ ಆಟಗಾರ. ಆ ವಿನಿಮಯ ಕೈಕೊಟ್ಟಿತು. ಡೆನ್ವರ್ ಆ ಋತುವಿನಲ್ಲಿ ಪಶ್ಚಿಮ ವಿಭಾಗದ ಫೈನಲ್‌ವರೆಗೆ ಹೋಯಿತು, ಡೆಟ್ರಾಯ್ಟ್ ಮೊದಲ ಸುತ್ತಿನಲ್ಲೇ ಒಂದೂ ಪಂದ್ಯ ಗೆಲ್ಲದೆ ಹೊರಬಿತ್ತು. ಡುಮಾರ್ಸ್ ಇದ್ದಷ್ಟು ದಿನ ಆ ಪೆಟ್ಟಿನಿಂದ ತಂಡ ಮೇಲೇಳಲೇ ಇಲ್ಲ. 2014ರಲ್ಲಿ ಡುಮಾರ್ಸ್ ಕುರ್ಚಿ ಬಿಟ್ಟರು. ಇದು ಒಬ್ಬ ಚಾಣಕ್ಯನ ಕಥೆ ಅಲ್ಲ. ತಾನು ಆಡಿದ ಅಂಗಳವನ್ನು ಮೇಲಿನಿಂದ ನೋಡಬೇಕಾಗಿ ಬಂದ ಆಟಗಾರನ ಕಥೆ.

ಇದನ್ನು ಬರೆಯಲು ನೀವೇ ಸರಿಯಾದವರು ಅನ್ನುವುದಕ್ಕೆ ನನ್ನ ಹತ್ತಿರ ಸಾಕ್ಷಿ ಇದೆ. ನಾಲ್ಕನೇ ಪುಟದಲ್ಲಿ ಮೂರೇ ಸಾಲಿನಲ್ಲಿ ನಿಮ್ಮ ಹೈಸ್ಕೂಲಿನ ಮಾತು ಬಂದಿದೆ. ಪಿಟಿ ಮೇಷ್ಟ್ರು ಒಂದು ಕಾಲದಲ್ಲಿ ಒಳ್ಳೆಯ ಆಟಗಾರರು. ಜಿಲ್ಲಾ ಮಟ್ಟದ ಪಂದ್ಯಕ್ಕೆ ಹನ್ನೆರಡು ಹೆಸರು ಬರೆದು ನೋಟಿಸ್ ಬೋರ್ಡಿಗೆ ಪಿನ್ ಚುಚ್ಚುವಾಗ ಹಿಂದೆ ನಿಂತಿದ್ದ ಹುಡುಗರ ಕಡೆ ತಿರುಗಲೇ ಇಲ್ಲ. ನೀವು ಹದಿಮೂರನೆಯವರು. ಚೀಟಿಯ ಕೆಳಗಿನ ಎರಡು ಮೂಲೆಗೆ ಪಿನ್ ಇರಲಿಲ್ಲ, ಗಾಳಿಗೆ ಅದು ಮೇಲೆ ಹಾರಿ ಕೊನೆಯ ಹೆಸರುಗಳನ್ನು ಮುಚ್ಚುತ್ತಿತ್ತು, ನೀವು ಕೈಯಿಂದ ಒತ್ತಿ ಹಿಡಿದು ಓದಿದಿರಿ. ಇಡೀ ಲೇಖನದಲ್ಲಿ ನನ್ನನ್ನು ನಿಲ್ಲಿಸಿದ್ದು ಆ ಚೀಟಿ. ಆದರೆ ಅಲ್ಲಿಂದ ತಟ್ಟನೆ ‘ಇರಲಿ, ವಿಷಯಕ್ಕೆ ಬರೋಣ’ ಅಂತ ಹೊರಟುಬಿಟ್ಟಿರಿ. ಅದೇ ವಿಷಯ! ಮೇಷ್ಟ್ರು ಯಾಕೆ ತಿರುಗಲಿಲ್ಲ? ಈಗ ಹೋಗಿ ಕೇಳಿ. ಅವರು ಹೇಳುವ ಉತ್ತರವನ್ನು ಅವರ ಮಾತಿನಲ್ಲೇ ಬರೆಯಿರಿ, ತಿದ್ದಬೇಡಿ.

ನಮ್ಮ ಓದುಗರಿಗೆ ಬ್ಯಾಸ್ಕೆಟ್‌ಬಾಲ್‌ಗಿಂತ ಕ್ರಿಕೆಟ್ ಹತ್ತಿರ. ಹಾಗಾಗಿ ಡ್ರಾಫ್ಟ್ ಅಂದರೇನು ಅಂತ ಎರಡು ಸಾಲು ಬೇಕು. ಐಪಿಎಲ್ ಹರಾಜಿನ ಹಾಗೆ ಅಲ್ಲಿ ಹಣ ಕೂಗುವುದಿಲ್ಲ, ತಂಡಗಳು ಸರದಿಯ ಪ್ರಕಾರ ಹೊಸ ಆಟಗಾರರನ್ನು ಆರಿಸುತ್ತವೆ, ಆ ಸರದಿಯನ್ನೇ ಕೊಡು-ಕೊಳ್ಳುವುದೂ ಉಂಟು. ಇಷ್ಟು ಸಾಕು. ಹಾಗೆಯೇ ನಮ್ಮೂರಿನ ವಿನಯ್ ಕುಮಾರ್ ಅವರನ್ನು ನೆನೆಯಿರಿ. ‘ದಾವಣಗೆರೆ ಎಕ್ಸ್‌ಪ್ರೆಸ್’ ಅಂತಲೇ ಹೆಸರಾದ ಈ ಬೌಲರ್, ನಾಯಕರಾಗಿ ಕರ್ನಾಟಕಕ್ಕೆ ಸತತ ಎರಡು ಸಲ ರಣಜಿ ಗೆದ್ದುಕೊಟ್ಟರು. 2021ರಲ್ಲಿ ನಿವೃತ್ತಿಯಾದ ಮೇಲೆ ಮುಂಬೈ ಇಂಡಿಯನ್ಸ್‌ಗೆ ಪ್ರತಿಭೆ ಹುಡುಕುವ ಕೆಲಸಕ್ಕೆ ಸೇರಿದರು. ಆಡುವವರು ಆರಿಸುವವರಾಗುವುದು ಏನೆಂದು ಇಲ್ಲಿನವರಿಗೆ ಒಂದೇ ಸಾಲಿನಲ್ಲಿ ಅರ್ಥವಾಗುತ್ತದೆ. ಆಡಿ ಆಮೇಲೆ ತಂಡ ಕಟ್ಟಿದ ಜೆರ್ರಿ ವೆಸ್ಟ್, ಲ್ಯಾರಿ ಬರ್ಡ್ ಇಬ್ಬರನ್ನೂ ಒಂದೇ ಪ್ಯಾರಾದಲ್ಲಿ ತುರುಕಿದ್ದೀರಲ್ಲ, ಅದನ್ನು ತೆಗೆಯಿರಿ. ಅವರಿಗೆ ಬೇರೆ ಲೇಖನವೇ ಬೇಕು.

ಕೊನೆಯದಾಗಿ, ನೀವು 2014ಕ್ಕೆ ‘ತೆರೆ ಬಿತ್ತು’ ಅಂದಿದ್ದೀರಿ. ಬಿದ್ದಿಲ್ಲ. 2025ರ ಏಪ್ರಿಲ್‌ನಲ್ಲಿ ಡುಮಾರ್ಸ್ ತಮ್ಮ ತವರು ರಾಜ್ಯ ಲೂಸಿಯಾನಾದ ನ್ಯೂ ಆರ್ಲಿಯನ್ಸ್ ಪೆಲಿಕನ್ಸ್ ತಂಡದ ಹೊಣೆ ಹೊತ್ತರು. ಎರಡೇ ತಿಂಗಳಲ್ಲಿ, ಡ್ರಾಫ್ಟ್ ದಿನ, ತಮ್ಮ 23ನೇ ಆಯ್ಕೆಯ ಜೊತೆಗೆ 2026ರ ಮೊದಲ ಸುತ್ತಿನ ಒಂದು ಆಯ್ಕೆಯನ್ನೂ ಅಟ್ಲಾಂಟಾಕ್ಕೆ ಕೊಟ್ಟು, 13ನೇ ಸ್ಥಾನದಲ್ಲಿ ಡೆರಿಕ್ ಕ್ವೀನ್ ಎಂಬ ಹುಡುಗನನ್ನು ತಂದರು. ಡಾರ್ಕೊ ವಿಷಯ ಗೊತ್ತಿರುವ ಓದುಗರಿಗೆ ಈ ಸುದ್ದಿ ಬೇರೆ ಥರ ಕೇಳಿಸುತ್ತದೆ. ಅಲ್ಲಿಗೆ ತಂದು ನಿಲ್ಲಿಸಿ.

ಒಂದೂವರೆ ಸಾವಿರ ಪದದೊಳಗೆ ಇರಲಿ. ಮೇಷ್ಟ್ರ ಹತ್ತಿರ ಮಾತಾಡಿದ ಮೇಲೆಯೇ ಬರೆಯಲು ಕೂರಿ, ಅವಸರ ಬೇಡ. ಹೊಸ ಪ್ರತಿಯನ್ನು ನೇರವಾಗಿ ನನ್ನ ಹೆಸರಿಗೇ ಕಳಿಸಿ. ಕಾಯುತ್ತಿರುತ್ತೇನೆ.

ವಿಶ್ವಾಸದಿಂದ,
ಸಂಪಾದಕ