ಹಾಲು ಕುಡಿದ ಮೇಲೂ ಕರು ಚೀಪುವುದೇಕೆ?

ಪ್ರಶ್ನೆ: ನಮ್ಮ ಎರಡು ಸೀಮೆಹಸುಗಳು ಒಂದೇ ವಾರದಲ್ಲಿ ಈದಿವೆ. ಕರುಗಳನ್ನು ಬೇರೆಡೆ ಕಟ್ಟಿ ಬಕೆಟ್‌ನಲ್ಲಿ ಹಾಲು ಕುಡಿಸುತ್ತಿದ್ದೇವೆ. ಕುಡಿದ ಕೂಡಲೇ ಒಂದು ಕರು ಇನ್ನೊಂದರ ಕಿವಿಯನ್ನೂ ಹೊಕ್ಕಳನ್ನೂ ಚೀಪುತ್ತದೆ. ಹಾಲು ಸಾಲುತ್ತಿಲ್ಲವೇ? ಬಾಯಿಗೆ ಕುಕ್ಕೆ ಕಟ್ಟಬೇಕೇ?
– ಓದುಗರೊಬ್ಬರು, ಚಿಂತಾಮಣಿ ತಾಲ್ಲೂಕು

ಉತ್ತರ: ಮೊದಲು ಹಾಲಿನ ಅಳತೆ ನೋಡಿ. ದಿನಕ್ಕೆ ಕರುವಿನ ತೂಕದ ಹತ್ತನೆಯ ಒಂದು ಭಾಗವಾದರೂ ಹಾಲು ಬೇಕು. 30 ಕಿಲೋ ತೂಗುವ ಕರುವಿಗೆ 3 ಲೀಟರ್, ಅದನ್ನು ಎರಡು ಮೂರು ಹೊತ್ತಿಗೆ ಹಂಚಿ ಕೊಡಬೇಕು. ಅಷ್ಟು ಸಿಗುತ್ತಿದ್ದೂ ಚೀಪುತ್ತಿದ್ದರೆ ಅದು ಹಸಿವಲ್ಲ, ಚೀಪುವ ಹಂಬಲ. ತಾಯಿಯ ಕೆಚ್ಚಲಿಗೆ ತಲೆಯಿಂದ ಗುದ್ದುತ್ತಾ, ಬಾಲ ಅಲ್ಲಾಡಿಸುತ್ತಾ ಬಹಳ ಹೊತ್ತು ಕುಡಿಯಬೇಕಾದ ಕರು ಬಕೆಟ್ಟಿನ ಹಾಲನ್ನು ಒಂದೆರಡು ನಿಮಿಷಗಳಲ್ಲಿ ಮುಗಿಸುತ್ತದೆ. ಆದರೆ ಹಾಲಿನ ರುಚಿಯಿಂದ ಎದ್ದ ಚೀಪುವ ಬಯಕೆ ಹೊಟ್ಟೆ ತುಂಬಿದ ಮೇಲೂ ಹತ್ತು ಹದಿನೈದು ನಿಮಿಷ ತಣಿಯುವುದಿಲ್ಲ.

ಚೀಪುವುದರಿಂದ ಇನ್ನೊಂದು ಉಪಕಾರವಿದೆ. ದನದ ಹೊಟ್ಟೆಯಲ್ಲಿ ನಾಲ್ಕು ಭಾಗಗಳಿದ್ದು, ಅವನ್ನು ಮೊದಲ ಹೊಟ್ಟೆ, ಎರಡನೆಯ ಹೊಟ್ಟೆ ಎಂದೇ ಎಣಿಸುತ್ತೇವೆ. ಕರು ಚೀಪಿದಾಗ ಅನ್ನನಾಳದ ತುದಿಯಲ್ಲಿರುವ ಮಡಿಕೆಯೊಂದು ಮುಚ್ಚಿಕೊಂಡು ಕೊಳವೆಯಂತಾಗಿ, ಹಾಲನ್ನು ಮೊದಲ ಹೊಟ್ಟೆಗೆ ಬೀಳಗೊಡದೆ ನೇರವಾಗಿ ನಾಲ್ಕನೆಯ ಹೊಟ್ಟೆಗೆ ಸಾಗಿಸುತ್ತದೆ. ಮೊದಲ ಹೊಟ್ಟೆಗೆ ಬಿದ್ದ ಹಾಲು ಅಲ್ಲೇ ಹುಳಿತು ಹೊಟ್ಟೆಯುಬ್ಬರ ತರಬಹುದು.

ಆದುದರಿಂದ ನಿಪ್ಪಲ್ ಇರುವ ಬಾಟಲಿಯನ್ನೋ ಬಕೆಟ್ಟನ್ನೋ ಬಳಸಿ. ಹಾಲು ಕೆಚ್ಚಲಿನಿಂದ ಬಂದಷ್ಟೇ ಬೆಚ್ಚಗಿರಲಿ. ಬೇಗ ಮುಗಿಯಲೆಂದು ನಿಪ್ಪಲ್ಲಿನ ತೂತನ್ನು ದೊಡ್ಡದು ಮಾಡುವವರಿದ್ದಾರೆ. ದಯವಿಟ್ಟು ಹಾಗೆ ಮಾಡಬೇಡಿ, ಹಾಲು ನುಗ್ಗಿ ಶ್ವಾಸಕೋಶಕ್ಕೆ ಹೋದೀತು. ಕುಡಿಯುವಾಗ ಕರುವಿನ ಮೂಗು ಕಣ್ಣಿನ ಮಟ್ಟಕ್ಕಿಂತ ಮೇಲೇರಬಾರದು. ಹಾಲು ಮುಗಿದ ಮೇಲೂ ನಿಪ್ಪಲ್ಲನ್ನು ಸ್ವಲ್ಪ ಹೊತ್ತು ಚೀಪಲು ಬಿಟ್ಟು, ಆಮೇಲೆ ಬಾಯೊರೆಸಿ, ಒಂದು ಹಿಡಿ ಕರುವಿನ ಹಿಂಡಿಯನ್ನು ಮುಂದಿಡಿ. ಆ ಹೊತ್ತಿನಲ್ಲಿ ಎರಡೂ ಕರುಗಳು ಪರಸ್ಪರ ಎಟುಕದಂತೆ ಕಟ್ಟಬೇಕು.

ಬಕೆಟ್ಟೇ ಅನಿವಾರ್ಯವಾದರೆ, ತೊಳೆದ ಬೆರಳುಗಳನ್ನು ಚೀಪಲು ಕೊಟ್ಟು ಕೈಯನ್ನು ಮೆಲ್ಲಗೆ ಹಾಲಿಗಿಳಿಸಿ, ಕರು ಕುಡಿಯತೊಡಗಿದ ಮೇಲೆ ಬೆರಳನ್ನು ಹಿಂದೆಗೆಯಿರಿ. ತಲೆಯನ್ನು ಹಾಲಿನೊಳಕ್ಕೆ ಒತ್ತುವುದು ಸರ್ವಥಾ ಬೇಡ.

ಕುಕ್ಕೆ ಚೀಪುವಿಕೆಯನ್ನು ತಡೆದೀತು, ಬಯಕೆಯನ್ನು ತಣಿಸದು. ಹುಲ್ಲು ಕಡಿಯಲು ಕಲಿಯುವ ವಯಸ್ಸಿನಲ್ಲಿ ಬಾಯಿ ಕಟ್ಟುವುದನ್ನು ನಾನು ಒಪ್ಪುವುದಿಲ್ಲ. ಹೊಡೆಯುವುದಂತೂ ಅನ್ಯಾಯ. ಹಾಗೆಂದು ಉದಾಸೀನವೂ ಸಲ್ಲದು, ಏಕೆಂದರೆ ಈ ಚಟ ಉಳಿದರೆ ಮುಂದೆ ಪಡ್ಡೆಗಳು ಒಂದರ ಕೆಚ್ಚಲನ್ನೊಂದು ಚೀಪಿ ಹಾಳುಮಾಡುತ್ತವೆ. ಚೀಪಿಸಿಕೊಂಡ ಕರುವಿನ ಹೊಕ್ಕಳನ್ನು ಇಂದೇ ಪರೀಕ್ಷಿಸಿ. ಹಸಿಯಾಗಿದ್ದರೆ ಟಿಂಚರ್ ಅಯೋಡಿನ್ ಹಚ್ಚಿ; ಊದಿ ಬಿಸಿಯಾಗಿದ್ದರೆ ಅಥವಾ ಮುಟ್ಟಿದಾಗ ಕರು ನೋವಿನಿಂದ ಹಿಂಜರಿದರೆ, ತಡಮಾಡದೆ ಪಶುವೈದ್ಯರನ್ನು ಕರೆಸಿ.