ಓದುಗರ ಪ್ರಶ್ನೆ: ಏಡ್ಸ್ ಜಾಗೃತಿಗೆ ಕಿರುಚಿತ್ರ

ಪ್ರಶ್ನೆ: ನಮ್ಮದು ಗದಗ-ಬೆಟಗೇರಿಯ ಯುವಕ ಮಂಡಳ. ಡಿಸೆಂಬರ್ 1ರ ವಿಶ್ವ ಏಡ್ಸ್ ದಿನಕ್ಕೆ ಮೊಬೈಲಿನಲ್ಲೇ ಐದು ನಿಮಿಷದ ಕಿರುಚಿತ್ರ ಮಾಡಿ, ಎಚ್‌ಐವಿ ಇರುವವರ ಚಿಕಿತ್ಸೆಗೆ ಹಣ ಕೂಡಿಸಬೇಕೆಂದಿದ್ದೇವೆ. ಸೋಂಕಿರುವ ಒಬ್ಬರು, ಮುಖ ಮಸುಕು ಮಾಡಿದರೆ ಮಾತಾಡುತ್ತೇನೆ ಎಂದಿದ್ದಾರೆ. ಏನೇನು ನೋಡಿಕೊಳ್ಳಬೇಕು?

ಉತ್ತರ: ಮುಖ ಮಸುಕು ಮಾಡಿದರೆ ಸಾಲದು. ನಮ್ಮ ಕಡೆ ನಡಿಗೆ, ದನಿ, ಉಟ್ಟ ಸೀರೆ, ಮನೆಯ ಕಟ್ಟೆ ನೋಡಿಯೇ ಇಂಥವರೆಂದು ಹೇಳಿಬಿಡುತ್ತಾರೆ. ವಾಟ್ಸ್‌ಆ್ಯಪ್‌ಗೆ ಹೋದ ವಿಡಿಯೊ ಮರಳಿ ಕೈಗೆ ಬರುವುದಿಲ್ಲ. ಒಬ್ಬರ ಸೋಂಕಿನ ಸಂಗತಿ ಅವರ ಒಪ್ಪಿಗೆಯಿಲ್ಲದೆ ಹೊರಬೀಳಬಾರದೆಂದು 2017ರ ಎಚ್‌ಐವಿ ಕಾಯ್ದೆಯೂ ಹೇಳುತ್ತದೆ. ಅವರ ಮಾತನ್ನು ಬರೆದುಕೊಂಡು, ಊರು-ಉದ್ಯೋಗ ಬದಲಿಸಿ, ನಾಟಕ ಆಡಿ ರೂಢಿಯಿರುವ ಬೇರೊಬ್ಬರಿಂದ ಆಡಿಸಿ. ಇವರು ಕಲಾವಿದರು ಎಂದು ಪರದೆಯ ಮೇಲೆ ಬರೆಯದಿದ್ದರೆ ಆ ಕಲಾವಿದರ ಮೇಲೇ ಊರು ಸಂಶಯಪಡುತ್ತದೆ. ಚಿತ್ರ ಮುಗಿದ ಮೇಲೆ ಮೊದಲು ಮಾತು ಕೊಟ್ಟವರಿಗೇ ತೋರಿಸಿ, ಬೇಡವೆಂದದ್ದನ್ನು ತೆಗೆಯಿರಿ.

ತಲೆಬುರುಡೆ, ಅಸ್ಥಿಪಂಜರ ಖಂಡಿತ ಬೇಡ. ಹೆದರಿದವರು ಪರೀಕ್ಷೆಗೇ ಬರುವುದಿಲ್ಲ. ಮಾತ್ರೆ ತಪ್ಪಿಸದೆ ನುಂಗಿ ರಕ್ತದಲ್ಲಿ ವೈರಾಣು ಪತ್ತೆಯಾಗದ ಮಟ್ಟಕ್ಕೆ ಇಳಿದು ಹಾಗೇ ಉಳಿದರೆ ಲೈಂಗಿಕ ಸಂಪರ್ಕದಿಂದ ಸೋಂಕು ಹರಡುವುದಿಲ್ಲ; ಈ ಮಾತು ಇನ್ನೂ ಎಷ್ಟೋ ಮನೆಗೆ ಮುಟ್ಟಿಲ್ಲ, ಅದನ್ನು ಹೇಳಿ.

ಚಿಕಿತ್ಸೆಗೆಂದು ಹಣ ಕೇಳಲೇಬೇಡಿ. ಎಚ್‌ಐವಿಯನ್ನು ಹತೋಟಿಯಲ್ಲಿಡುವ ಎಆರ್‌ಟಿ ಮಾತ್ರೆ ಸರ್ಕಾರಿ ಕೇಂದ್ರದಲ್ಲಿ ಉಚಿತ. ದುಡ್ಡಿದ್ದರೇ ಮಾತ್ರೆ ಎಂದು ಜನ ತಿಳಿದರೆ ಬರುವವರೂ ಹಿಂದೆ ಸರಿಯುತ್ತಾರೆ. ಕಷ್ಟ ಮಾತ್ರೆಗಾಗಿ ಕೇಂದ್ರಕ್ಕೆ ಬರುವ ಓಡಾಟದ್ದು. ನರಗುಂದ, ಶಿರಹಟ್ಟಿ ಕಡೆಯಿಂದ ಬರುವ ಹೆಣ್ಣುಮಕ್ಕಳಿಗೆ ಶಕ್ತಿ ಯೋಜನೆಯಲ್ಲಿ ಸಾದಾ ಬಸ್ಸು ಉಚಿತ. ಗಂಡಸರಿಗೆ ಟಿಕೆಟ್ಟಿನ ಖರ್ಚುಂಟು, ಇಬ್ಬರಿಗೂ ಆ ದಿನದ ಕೂಲಿ ಹೋಗುತ್ತದೆ. ಒಬ್ಬರ ವರ್ಷದ ಓಡಾಟಕ್ಕೆ ಎಷ್ಟಾಗುತ್ತದೆಂದು ಲೆಕ್ಕ ಹಾಕಿ, ಅಷ್ಟನ್ನೇ ಕೇಳಿ.

ಟ್ಯೂಬ್‌ಲೈಟಿನಡಿ ಸೆಕೆಂಡಿಗೆ 30 ಫ್ರೇಮಿನಲ್ಲಿ ಚಿತ್ರ ಮಿಣುಕುವುದುಂಟು, ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು. 25 ಫ್ರೇಮ್, ಶಟರ್ 1/50 ಸೆಕೆಂಡ್ ಇಡಿ. ಕಾಲರ್ ಮೈಕು ಗದ್ದದಿಂದ ಒಂದು ಗೇಣು ಕೆಳಗಿರಲಿ, ಫ್ಯಾನು ಆರಿಸಿ. ಬೆಟಗೇರಿಯಲ್ಲಾದರೆ ಮಗ್ಗ ನಿಂತ ಹೊತ್ತು ನೋಡಿ.

ಹಣ ಯಾರೊಬ್ಬರ ಫೋನ್‌ಪೇಗೂ ಬೇಡ, ನೋಂದಾಯಿತ ಸಂಸ್ಥೆಯ ಖಾತೆಗೇ ಬೀಳಲಿ. 80ಜಿ ಎಂದು ರೂಢಿಯಾದ, ದಾನಕ್ಕೆ ಸಿಗುವ ಆದಾಯ ತೆರಿಗೆ ರಿಯಾಯಿತಿ ಇದ್ದರೂ 2000 ರೂಪಾಯಿಗೆ ಮೇಲ್ಪಟ್ಟ ನಗದಿಗೆ ಅದು ಸಿಗದು. ಕೊನೆಗೆ ಉಚಿತ ಸಹಾಯವಾಣಿ 1097 ಮತ್ತು ಕ್ಯೂಆರ್ ಕೋಡ್ ಹತ್ತು ಸೆಕೆಂಡಾದರೂ ನಿಲ್ಲಲಿ. ತನ್ನ ಮೊಬೈಲಿನಲ್ಲೇ ನೋಡುತ್ತಿರುವವರು ಕೋಡ್ ಸ್ಕ್ಯಾನ್ ಮಾಡುವುದು ಕಷ್ಟ, ಹಾಗಾಗಿ ಯುಪಿಐ ಐಡಿಯನ್ನೂ ಅಕ್ಷರದಲ್ಲಿ ಬರೆಯಿರಿ.